ಭಾಷೆಗೂ ಒಂದು ಕೆಲಸ ಬೇಕು

ಕನ್ನಡ ವರ್ಣಮಾಲೆಯಲ್ಲಿ ಕೆಲಸವಿಲ್ಲದೆ ಕುಳಿತಿರುವ ಅಕ್ಷರ ಯಾವುದು ಎಂದು ಕೇಳಿದರೆ ನಾನು ‘ಙ’ ಎನ್ನುತ್ತೇನೆ. ಒಂದನೇ ಕ್ಲಾಸಿನಲ್ಲಿ ಕ ಖ ಗ ಘ ಙ ಎಂದು ರಾಗವಾಗಿ ಹೇಳಿದ್ದು ಬಿಟ್ಟರೆ ಆಮೇಲೆ ಅದನ್ನು ಬರೆದವರು ಎಷ್ಟು ಮಂದಿ? ಆದರೆ ಪೆಸಿಫಿಕ್ ಸಾಗರದ ನಡುವೆ ಇರುವ ಒಂದು ಪುಟ್ಟ ಪಾಲಿನೇಷ್ಯನ್ ಜನಾಂಗದ ಬಾಯಲ್ಲಿ ಈ ಅಕ್ಷರಕ್ಕೆ ದಿನವಿಡೀ ಕೆಲಸ. ಗಾಳಿಗೆ ಅವರು ‘ಮತಙಿ’ ಎನ್ನುತ್ತಾರೆ, ಬಾಯಿಗೆ ‘ಙುತು’. ಭಾಷೆ ಎನ್ನುವುದಕ್ಕಂತೂ ‘ಙಙನ’! ರೋಮನ್ ಲಿಪಿಯಲ್ಲಿ ಬರೆಯುವಾಗ ‘ಜಿ’ ಅಕ್ಷರ ಹಾಕುತ್ತಾರೆ, ಓದುವಾಗ ಅದು ನಮ್ಮ ಙ.

ಆ ಜನರ ನಾಡಿನ ಹೆಸರು ತೋಕೆಲಾವ್. ಕಂಪ್ಯೂಟರ್ ಸೈನ್ಸ್ ಓದುತ್ತಿರುವ ನನಗೆ ಅದರ ಪರಿಚಯವಾಗಿದ್ದು ನೆಟ್‌ವರ್ಕ್ಸ್ ವಿಷಯ ಓದುವಾಗ. ‘ಡಾಟ್ ಇನ್’ ಎಂದರೆ ಭಾರತ, ‘ಡಾಟ್ ಟಿಕೆ’ ಎಂದರೆ ತೋಕೆಲಾವ್. ಈ ವಿಳಾಸಗಳನ್ನು ಬಹಳ ವರ್ಷ ಪುಕ್ಕಟೆಯಾಗಿ ಹಂಚುತ್ತಿದ್ದರು. ಹಾಗಾಗಿ ಒಂದು ಕಾಲದಲ್ಲಿ ಜಗತ್ತಿನಲ್ಲಿ ಕೋಟಿಗೂ ಹೆಚ್ಚು ಡಾಟ್ ಟಿಕೆ ವಿಳಾಸಗಳಿದ್ದವು. ನಾಡಿನ ಜನಸಂಖ್ಯೆ ಎಷ್ಟು ಗೊತ್ತೇ? ಸುಮಾರು 1,500! ಒಂದು ಎಂಜಿನಿಯರಿಂಗ್ ಕಾಲೇಜಿನಲ್ಲಿ ಇದಕ್ಕಿಂತ ಹೆಚ್ಚು ಹುಡುಗರಿರುತ್ತಾರೆ. ಇಷ್ಟು ಜನರ ಭಾಷೆ ಇಷ್ಟು ಕಾಲ ಹೇಗೆ ಉಳಿಯಿತು ಎಂಬ ಕುತೂಹಲದಿಂದ ಹುಡುಕಿ ಓದತೊಡಗಿದೆ.

ತೋಕೆಲಾವ್‌ನಲ್ಲಿ ಇರುವುದು ಮೂರೇ ಹವಳದ ದ್ವೀಪಗಳು: ಅಟಾಫು, ನುಕುನೊನು, ಫಕಾಓಫೊ. ಮೂರನ್ನೂ ಕೂಡಿಸಿದರೆ ನೆಲ ಹತ್ತು–ಹನ್ನೆರಡು ಚದರ ಕಿಲೋಮೀಟರ್ ಅಷ್ಟೆ. ಸಮುದ್ರ ಮಟ್ಟದಿಂದ ಎತ್ತರ ಹೆಚ್ಚೆಂದರೆ 5 ಮೀಟರ್. ವಿಮಾನ ನಿಲ್ದಾಣ ಇಲ್ಲ. ಸಮೋವಾದ ಆಪಿಯಾದಿಂದ ಹಡಗು ಹತ್ತಿದರೆ ಒಂದು ದಿನಕ್ಕೂ ಹೆಚ್ಚಿನ ಪಯಣ. ಮಾವಿ ಸಹೋದರರು ಗಾಳ ಹಾಕಿ ಈ ದ್ವೀಪಗಳನ್ನು ಸಮುದ್ರದಿಂದ ಮೇಲೆತ್ತಿದರು ಎಂಬುದು ಅಲ್ಲಿನ ಕಥೆ. ಮೀನು ಹಿಡಿದು ಬದುಕುವ ಜನ ತಮ್ಮ ನೆಲವನ್ನೂ ಮೀನಿನಂತೆಯೇ ಕಲ್ಪಿಸಿಕೊಂಡಿದ್ದಾರೆ!

ಅವರಲ್ಲಿ ಕಥೆಗಳು ಎರಡು ಬಗೆ. ರಾತ್ರಿ ಹೊತ್ತು ಖುಷಿಗಾಗಿ ಹೇಳುವುದು ‘ಕಾಕೈ’. ನಮ್ಮ ಕರಾವಳಿಯ ಅಜ್ಜಿಕತೆ ಇದ್ದ ಹಾಗೆ. ಹಿಂದೆ ನಿಜವಾಗಿ ನಡೆದದ್ದು ಎಂದು ಹೇಳುವುದು ‘ತಲಾ’. ಯಾವ ಮನೆತನ ಎಲ್ಲಿಂದ ಬಂತು, ಫಕಾಓಫೊದವರು ಉಳಿದೆರಡು ದ್ವೀಪಗಳನ್ನು ಹೇಗೆ ಗೆದ್ದರು ಎಂಬುದೆಲ್ಲ ‘ತಲಾ’ಗಳಲ್ಲಿವೆ. ಬರವಣಿಗೆ ಇಲ್ಲದ ಕಾಲದಲ್ಲಿ ಅವೇ ಅವರ ದಫ್ತರ.

ಮಾತಿಗೆ ಇನ್ನೂ ಹಲವು ಕೆಲಸಗಳಿದ್ದವು. ಅಲ್ಲಿನ ದೋಣಿ ಮಾಡುವುದು ‘ಕನವಾ’ ಎಂಬ ಮರದಿಂದ. ತುಂಡುಗಳನ್ನು ಜೋಡಿಸಿ ತೆಂಗಿನ ನಾರಿನ ಹುರಿಯಿಂದ ಬಿಗಿದು ಕಟ್ಟುತ್ತಾರೆ. ಎಲ್ಲರೂ ಸೇರಿ ಹಿಡಿದು ತಂದ ಮೀನನ್ನು ಊರಿನ ಮಧ್ಯೆ ಸುರಿದು ಪಾಲು ಮಾಡುತ್ತಾರೆ. ಈ ಪದ್ಧತಿಯ ಹೆಸರು ‘ಇನಾತಿ’. ದೋಣಿ ಹತ್ತಲಾಗದ ಮುದುಕರಿಗೂ, ಗಂಡನಿಲ್ಲದ ಹೆಂಗಸಿಗೂ ಪಾಲು ಉಂಟು. ದೋಣಿ ಕಟ್ಟುವವನಿಗೂ ಪಾಲು ಹಂಚುವವನಿಗೂ ತೋಕೆಲಾವ್ ಮಾತು ಬೇಕೇ ಬೇಕಿತ್ತು.

ಆಮೇಲೆ ಒಂದೊಂದೇ ಕೆಲಸ ಕೈತಪ್ಪಿತು. 1860ರ ದಶಕದಲ್ಲಿ ಸಮೋವಾದಿಂದ ಕ್ರೈಸ್ತ ಬೋಧಕರು ಬಂದರು. ಅವರ ಬೈಬಲ್ ಇದ್ದದ್ದು ಸಮೋವನ್ ಭಾಷೆಯಲ್ಲಿ. ಹಾಗಾಗಿ ಪ್ರಾರ್ಥನೆ ಮತ್ತು ಓದು–ಬರಹ ಎರಡೂ ಸಮೋವನ್ ಪಾಲಾದವು. ಅದೇ ಹೊತ್ತಿಗೆ, 1863ರಲ್ಲಿ, ಪೆರು ದೇಶಕ್ಕೆ ಜೀತದಾಳುಗಳನ್ನು ಸಾಗಿಸುವ ಹಡಗುಗಳು ಬಂದವು. ಸುಮಾರು 250 ಜನರನ್ನು ಹೊತ್ತೊಯ್ದರು. ಆಗಿನ ಜನಸಂಖ್ಯೆಯ ಹತ್ತಿರ ಹತ್ತಿರ ಅರ್ಧ! ಅವರಲ್ಲಿ ಹೆಚ್ಚಿನವರು ಮತ್ತೆ ಊರು ಕಾಣಲಿಲ್ಲ. ಇದನ್ನು ಓದಿದಾಗ ನನಗೆ ಹೊಳೆದದ್ದು ಒಂದೇ. ಹೋದವರು ದೋಣಿ ನಡೆಸುವ, ಕಥೆ ಗೊತ್ತಿದ್ದ ಗಟ್ಟಿಮುಟ್ಟಾದ ಜನ. ಒಂದು ಊರಿನ ಅರ್ಧ ಗ್ರಂಥಾಲಯ ಸುಟ್ಟುಹೋದಂತೆ ಅಲ್ಲವೇ?

ಆದರೂ ಭಾಷೆ ಸಾಯಲಿಲ್ಲ. ಸಮುದ್ರದ ಕೆಲಸ, ಇನಾತಿಯ ಕೆಲಸ, ಅಡುಗೆಮನೆಯ ಕೆಲಸ ಅದರ ಕೈಯಲ್ಲೇ ಉಳಿದಿದ್ದವು. ಹೊರಗಿನಿಂದ ಬಂದು ಅಲ್ಲಿ ಮದುವೆಯಾಗಿ ನೆಲೆಸಿದವರ ಮಕ್ಕಳೂ ಅದೇ ಮಾತು ಕಲಿತರು.

ಭಾಷೆಗೆ ದೊಡ್ಡ ಪರೀಕ್ಷೆ ಬಂದದ್ದು ನಂತರ, ಉದ್ಯೋಗದ ರೂಪದಲ್ಲಿ. ತೋಕೆಲಾವ್ 1948ರ ಕಾಯ್ದೆಯ ಮೂಲಕ ನ್ಯೂಜಿಲೆಂಡ್‌ಗೆ ಸೇರಿತು. 1966ರ ಚಂಡಮಾರುತದ ನಂತರ ಸರ್ಕಾರವೇ ಯೋಜನೆ ಮಾಡಿ ಹಲವು ಕುಟುಂಬಗಳನ್ನು ನ್ಯೂಜಿಲೆಂಡ್‌ಗೆ ಕರೆದೊಯ್ದಿತು. ಇಂದು ವೆಲ್ಲಿಂಗ್ಟನ್ ಬಳಿಯ ಪೊರಿರುವಾ, ಹಟ್ ಕಣಿವೆ ಮುಂತಾದ ಕಡೆ ತೋಕೆಲಾವ್ ಜನ ನೆಲೆಸಿದ್ದಾರೆ. 2018ರ ಗಣತಿಯಂತೆ ನ್ಯೂಜಿಲೆಂಡ್‌ನಲ್ಲಿದ್ದ ತೋಕೆಲಾವ್ ಮೂಲದವರು 8,676. ದ್ವೀಪದಲ್ಲಿ ಇರುವವರ ಐದು ಪಟ್ಟಿಗೂ ಹೆಚ್ಚು! ಇವರಲ್ಲಿ ತಮ್ಮ ಭಾಷೆ ಆಡಬಲ್ಲವರು ಹೆಚ್ಚುಕಡಿಮೆ ನಾಲ್ವರಲ್ಲಿ ಒಬ್ಬರು. ನಗರದಲ್ಲಿ ಇನಾತಿ ಇಲ್ಲ, ದೋಣಿ ಕಟ್ಟುವ ಮರವಿಲ್ಲ. ಶಾಲೆ, ಸಂದರ್ಶನ, ಸಂಬಳ ಎಲ್ಲವೂ ಇಂಗ್ಲಿಷಿನಲ್ಲಿ. ಜೀತದ ಹಡಗಿಗೂ ಅಳಿಸಲಾಗದ ಭಾಷೆ ಒಳ್ಳೆಯ ನೌಕರಿಯ ಮುಂದೆ ಸೊರಗತೊಡಗಿದೆ.

ಇಲ್ಲಿಗೇ ಕಥೆ ಮುಗಿದಿದ್ದರೆ ನಾನು ಇದನ್ನು ಬರೆಯುತ್ತಿರಲಿಲ್ಲ. ಅವರು ಭಾಷೆಗೆ ಹೊಸ ಕೆಲಸ ಹುಡುಕಿಕೊಟ್ಟಿದ್ದಾರೆ. 1986ರಲ್ಲಿ ನಿಘಂಟು ಬಂತು. ಆಮೇಲೆ ದ್ವೀಪದ ಹಿರಿಯರು ತಮ್ಮ ಚರಿತ್ರೆಯನ್ನು ತಾವೇ ಹೇಳಿ ‘ಮತಙಿ ತೋಕೆಲಾವ್’ ಎಂಬ ಪುಸ್ತಕ ಮಾಡಿದರು. ನ್ಯೂಜಿಲೆಂಡ್‌ನಲ್ಲಿ ಪ್ರತಿ ಅಕ್ಟೋಬರ್‌ನಲ್ಲಿ ತೋಕೆಲಾವ್ ಭಾಷಾ ಸಪ್ತಾಹ ನಡೆಯುತ್ತದೆ. ಗುಂಪಾಗಿ ಹಾಡುತ್ತಾ ಕುಣಿಯುವ ‘ಫಾತೆಲೆ’ಗೆ ಭಾಷೆ ಮರೆತ ಹುಡುಗರೂ ಹೆಜ್ಜೆ ಹಾಕುತ್ತಾರೆ. 2016ರ ‘ಮೊವಾನಾ’ ಸಿನಿಮಾ ನೀವು ನೋಡಿರಬಹುದು. ಅದರ ಹಾಡುಗಳಲ್ಲಿ ತೋಕೆಲಾವ್ ಮಾತು ಇದೆ. ಬರೆದವರಲ್ಲಿ ಒಬ್ಬರು ‘ತೇ ವಾಕಾ’ ತಂಡದ ಒಪೆಟಾಯಾ ಫೋಆಯಿ. ಅವರ ತಂದೆ ತೋಕೆಲಾವ್‌ನವರು.

ನನ್ನ ಮನೆಮಾತು ತುಳು. ಅಳಿವಿನಂಚಿನ ಭಾಷೆಗಳ ಯುನೆಸ್ಕೊ ಪಟ್ಟಿಯಲ್ಲಿ ತೋಕೆಲಾವ್ ಜೊತೆ ನಮ್ಮ ತುಳು, ಕೊಡವ ಭಾಷೆಗಳ ಹೆಸರೂ ಇದೆ. ತುಳು ಆಡುವವರು ಲಕ್ಷಗಟ್ಟಲೆ ಇದ್ದಾರೆ, ಭಯ ಯಾಕೆ ಎಂದು ಮೊದಲು ಅನ್ನಿಸಿತ್ತು. ಆದರೆ ಬೆಂಗಳೂರಿನಲ್ಲಿ ಬೆಳೆಯುತ್ತಿರುವ ನನ್ನ ಚಿಕ್ಕಪ್ಪನ ಮಗಳು, ಅಜ್ಜಿ ತುಳುವಿನಲ್ಲಿ ಕೇಳಿದ್ದಕ್ಕೆ ಇಂಗ್ಲಿಷಿನಲ್ಲಿ ಉತ್ತರ ಕೊಡುತ್ತಾಳೆ. ಅಜ್ಜಿ ನಕ್ಕು ಸುಮ್ಮನಾಗುತ್ತಾರೆ. ಆ ಮನೆಯಲ್ಲಿ ತುಳುವಿಗೆ ಉಳಿದಿರುವುದು ಕೇಳಿಸಿಕೊಳ್ಳುವ ಕೆಲಸ ಮಾತ್ರ.

ಮುಂದಿನ ವರ್ಷ ನಮ್ಮ ಬ್ಯಾಚಿಗೆ ಪ್ಲೇಸ್‌ಮೆಂಟ್ ಶುರು. ಯಾರು ಪುಣೆಗೋ, ಯಾರು ಜರ್ಮನಿಗೋ! ಕೆಲಸಕ್ಕಾಗಿ ಊರು ಬಿಡುವುದರಲ್ಲಿ ತಪ್ಪೇನೂ ಇಲ್ಲ. ಹೋಗುವಾಗ ಬ್ಯಾಗಿನ ಜೊತೆ ಮನೆಮಾತೂ ಬರುತ್ತದೆ. ಹೊಸ ಊರಿನಲ್ಲಿ ಅದಕ್ಕೂ ಒಂದು ಕೆಲಸ ನೋಡಿಕೊಡಬೇಕು. ಮನೆಗೆ ಮಾಡುವ ಫೋನಿರಲಿ, ರೂಮಿನಲ್ಲಿ ಬರೆಯುವ ಖರ್ಚಿನ ಲೆಕ್ಕವಿರಲಿ, ಮಕ್ಕಳಿಗೆ ಹೇಳುವ ಅಜ್ಜಿಕತೆಯಿರಲಿ. ಸಂಬಳ ಸಣ್ಣದಾದರೂ ಸರಿ, ಮಾತು ನಿರುದ್ಯೋಗಿಯಾಗಬಾರದು.