ಪರದೆಯ ಹಿಂದಿನ ಕತ್ತರಿ

“ಸರ, ಸಿನಿಮಾದಾಗ ಕತ್ರಿ ಹಿಡಿಯೋದೂ ಒಂದು ನೌಕರಿ ಏನ್ರಿ?”

ಸಿರುಗುಪ್ಪದಿಂದ ಬಳ್ಳಾರಿಯ ನಮ್ಮ ಮನೆಗೆ ಬಂದಿದ್ದ ರೈತರೊಬ್ಬರ ಪ್ರಶ್ನೆಯಿದು. ಪಿಯುಸಿ ಮುಗಿಸಿದ ಮಗ ಡಿಗ್ರಿ ಬೇಡ, ಎಡಿಟಿಂಗ್ ಕಲಿಯುತ್ತೇನೆಂದು ಹಟ ಹಿಡಿದಿದ್ದ. ಬೆಂಗಳೂರಿನ ಖಾಸಗಿ ಸಂಸ್ಥೆಯೊಂದು ಆರು ತಿಂಗಳ ಕೋರ್ಸಿಗೆ ಕೇಳಿದ ಶುಲ್ಕ ಇವರ ಒಂದು ಬೆಳೆಯ ಭತ್ತದ ದುಡ್ಡು. ವಿಜ್ಞಾನದ ಮೇಷ್ಟ್ರಾದ ನಾನು ಉತ್ತರಿಸುವ ಮೊದಲು ಸ್ವಲ್ಪ ಓದಬೇಕಾಯಿತು.

ಚಿತ್ರವನ್ನು 35 ಮಿಲಿಮೀಟರ್ ಫಿಲ್ಮಿನಲ್ಲಿ ತೆಗೆಯುತ್ತಿದ್ದ ಕಾಲದ ಲೆಕ್ಕ ನೋಡಿ. ಒಂದು ಅಡಿಯಲ್ಲಿ 16 ಚೌಕಟ್ಟುಗಳು, ಸೆಕೆಂಡಿಗೆ ಓಡುವುದು 24. ಎಂದರೆ ನಿಮಿಷಕ್ಕೆ 90 ಅಡಿ. ಎರಡೂವರೆ ಗಂಟೆಯ ಚಿತ್ರಕ್ಕೆ 13,500 ಅಡಿ. ಚಿತ್ರೀಕರಿಸಿದ್ದು ಇದರ ಹಲವು ಪಟ್ಟು ಇರುತ್ತಿತ್ತು. ಅದರಲ್ಲಿ ಯಾವುದು ಉಳಿಯಬೇಕು, ಯಾವುದರ ಮುಂದೆ ಯಾವುದು ಬರಬೇಕು ಎಂಬುದನ್ನು ನಿರ್ದೇಶಕರೊಂದಿಗೆ ಕುಳಿತು ತೀರ್ಮಾನಿಸುವವನೇ ಸಂಕಲನಕಾರ. ಈಗ ಕತ್ತರಿಯ ಜಾಗಕ್ಕೆ ಕಂಪ್ಯೂಟರ್ ಬಂದಿದೆ, ಅಷ್ಟೆ.

ಜೋಡಣೆಯಿಂದ ಅರ್ಥವೇ ಬದಲಾಗುತ್ತದೆ. 1920ರ ಆಸುಪಾಸಿನಲ್ಲಿ ರಷ್ಯಾದ ಲೆವ್ ಕುಲೆಶೋವ್ ನಟನೊಬ್ಬನ ಒಂದೇ ಮುಖವನ್ನು ಒಮ್ಮೆ ಸೂಪಿನ ಬಟ್ಟಲಿನೊಂದಿಗೆ, ಇನ್ನೊಮ್ಮೆ ಶವಪೆಟ್ಟಿಗೆಯೊಂದಿಗೆ ಜೋಡಿಸಿದ. ನೋಡಿದವರಿಗೆ ಮೊದಲು ಹಸಿವು, ಆಮೇಲೆ ದುಃಖ ಕಂಡಿತಂತೆ! ನಮ್ಮ ಕಡೆಯದೇ ಬೇಕೆಂದರೆ, ರೈತನೊಬ್ಬನ ಮುಖದ ಮುಂದೆ ತುಂಬಿದ ತುಂಗಭದ್ರಾ ಕಾಲುವೆ ಇಡಿ, ಆಮೇಲೆ ಒಣಗಿದ ಕಾಲುವೆ ಇಡಿ.

ಹೀಗಿದ್ದೂ ಪ್ರೇಕ್ಷಕರಿಗೆ ಸಂಕಲನಕಾರರ ಹೆಸರು ಗೊತ್ತಿರುವುದಿಲ್ಲ. ಮಣಿರತ್ನಂ ಅವರ ‘ರೋಜಾ’ (1992) ನೋಡದವರು ಕಡಿಮೆ. ಅದರ ಸಂಕಲನಕಾರ ನಮ್ಮ ಕನ್ನಡಿಗ ಸುರೇಶ್ ಅರಸ್. ‘ಬಾಂಬೆ’ (1995) ಚಿತ್ರದ ಸಂಕಲನಕ್ಕೆ ಅವರಿಗೆ ರಾಷ್ಟ್ರಪ್ರಶಸ್ತಿಯೂ ಬಂತು. ನಮ್ಮ ಶಾಲೆಯ ಸಿಬ್ಬಂದಿ ಕೊಠಡಿಯಲ್ಲಿ ಕೇಳಿದೆ, ಒಬ್ಬರಿಗೂ ಗೊತ್ತಿರಲಿಲ್ಲ, ಎ.ಆರ್. ರೆಹಮಾನ್ ಎಲ್ಲರಿಗೂ ಗೊತ್ತು.

ರೈತರಿಗೆ ನಾನು ಹೇಳಿದ್ದಿಷ್ಟು. ಪುಣೆಯ ಚಲನಚಿತ್ರ ಮತ್ತು ಟೆಲಿವಿಷನ್ ಸಂಸ್ಥೆ (ಸ್ಥಾಪನೆ 1960), ಕೋಲ್ಕತ್ತದ ಸತ್ಯಜಿತ್ ರೇ ಸಂಸ್ಥೆ (1995) ಎರಡರಲ್ಲೂ ಸಂಕಲನ ಕಲಿಸುತ್ತಾರೆ. ಪ್ರವೇಶ ಪರೀಕ್ಷೆ ಬರೆಯಬೇಕು. ಅದಕ್ಕೆ ಯಾವುದಾದರೊಂದು ಡಿಗ್ರಿ ಬೇಕು. ಡಿಗ್ರಿ ಬೇಡವೆಂದರೆ ಈ ಬಾಗಿಲುಗಳು ಮುಚ್ಚಿದಂತೆಯೇ. ಇನ್ನೊಂದು ದಾರಿ, ಹಿರಿಯ ಸಂಕಲನಕಾರರ ಬಳಿ ಸಹಾಯಕನಾಗುವುದು. ಧಾರಾವಾಹಿಗಳಲ್ಲಿ ಕೆಲಸ ಬೇಗ ಸಿಗಬಹುದು, ಆದರೆ ನಾಳೆಯ ಕಂತು ಇಂದು ರಾತ್ರಿಯೇ ಸಿದ್ಧವಾಗಬೇಕು. ತಿಂಗಳ ಸಂಬಳದ ಖಾತರಿ ಎಲ್ಲರಿಗೂ ಇರುವುದಿಲ್ಲ. ಇದನ್ನು ಪೋಷಕರಿಂದ ಮುಚ್ಚಿಡಬಾರದು.

ಹುಡುಗನಿಗೆ ಒಂದು ಪರೀಕ್ಷೆ ಕೊಟ್ಟೆ. ಕುರುಗೋಡಿನ ದೊಡ್ಡಬಸವೇಶ್ವರನ ತೇರಿನ ದಿನ ಅವನು ಮೊಬೈಲಿನಲ್ಲಿ ಹಿಡಿದ ಒಂದು ಗಂಟೆಯ ದೃಶ್ಯವಿತ್ತು. ಅದನ್ನು ಮೂರು ನಿಮಿಷಕ್ಕೆ ಇಳಿಸು ಎಂದೆ. ಮೊದಲ ಸಲ ಹನ್ನೊಂದು ನಿಮಿಷದ್ದು ತಂದ. ಯಾವುದನ್ನೂ ಬಿಡಲು ಮನಸ್ಸಿರಲಿಲ್ಲ. ಮೂರನೆಯ ಸಲ ತಂದೆಯನ್ನೂ ಕರೆತಂದ. ಮೂರು ನಿಮಿಷಕ್ಕೆ ಸರಿಯಾಗಿ ಮುಗಿಯಿತು.

“ನಾ ಹಗ್ಗ ಹಿಡಿದಿದ್ದು ಎಲ್ಲೋಯ್ತಲೇ?” ಎಂದರು ತಂದೆ.

“ಅದು ಅಲುಗಾಡಿತ್ತಪ್ಪ. ತೆಗೆದೆ.”

ಅವರು ಒಂದು ಗಳಿಗೆ ಮಗನನ್ನೇ ನೋಡಿದರು. ಆಮೇಲೆ ನನ್ನ ಕಡೆ ತಿರುಗಿ, ಡಿಗ್ರಿಗೆ ಅರ್ಜಿ ಯಾವಾಗ ಕೊಡ್ತಾರ್ರೀ ಸರ, ಎಂದರು.