ಅಂಗಡಿಯ ಲೈಸೆನ್ಸ್: ಪುರಸಭೆಯ ಅಧಿಕಾರ ಎಲ್ಲಿಯವರೆಗೆ?

ನಮ್ಮ ಕಾಲೇಜಿನಲ್ಲಿ ಓದುವ ಹಲವರ ಮನೆ ನಡೆಯುವುದು ಒಂದು ಅಂಗಡಿಯಿಂದ. ದಿನಸಿ, ಬಟ್ಟೆ, ಕೋಳಿ, ಮೊಬೈಲ್ ರಿಪೇರಿ, ಯಾವುದೇ ಇರಲಿ, ಗಲ್ಲಾದ ಹಿಂದಿನ ಗೋಡೆಯಲ್ಲಿ ಚೌಕಟ್ಟು ಹಾಕಿದ ಒಂದು ಕಾಗದ ಇರುತ್ತದೆ. ಅದೇ ಉದ್ದಿಮೆ ಪರವಾನಗಿ. ರೂಢಿಯಲ್ಲಿ ಟ್ರೇಡ್ ಲೈಸೆನ್ಸ್. ನನ್ನ ತಂದೆಯವರದೂ ಸಣ್ಣ ಹಣ್ಣಿನ ಅಂಗಡಿ. ನವೀಕರಣದ ಸಮಯ ಬಂದಾಗಲೆಲ್ಲ ಅವರು, "ಆಫೀಸಿನವರು ಮನಸ್ಸು ಮಾಡಿದರೆ ಕೊಡ್ತಾರೆ" ಎನ್ನುತ್ತಾರೆ. ಹಾಗಾದರೆ ಲೈಸೆನ್ಸ್ ಅಧಿಕಾರಿಯ ಮನಸ್ಸಿಗೆ ಬಿಟ್ಟದ್ದೇ? ರಾಜ್ಯಶಾಸ್ತ್ರದಲ್ಲಿ ಮೂಲಭೂತ ಹಕ್ಕುಗಳ ಪಾಠ ಓದುವಾಗ ಈ ಪ್ರಶ್ನೆ ಮತ್ತೆ ಕಾಡಿತು. ಉತ್ತರ ಹುಡುಕುತ್ತ ಹೋದಾಗ ನನಗೆ ಸಿಕ್ಕಿದ್ದು ಇಬ್ಬರು ತರಕಾರಿ ವ್ಯಾಪಾರಿಗಳ ಮೊಕದ್ದಮೆಗಳು.

ಮೊದಲು ಸಂವಿಧಾನ ಏನು ಹೇಳುತ್ತದೆ ನೋಡೋಣ. 19(1)(ಜಿ) ವಿಧಿಯು ಪ್ರತಿಯೊಬ್ಬ ನಾಗರಿಕನಿಗೂ ತನಗೆ ಬೇಕಾದ ವೃತ್ತಿ, ವ್ಯಾಪಾರ ನಡೆಸುವ ಹಕ್ಕು ಕೊಟ್ಟಿದೆ. ಸಾರ್ವಜನಿಕರ ಹಿತಕ್ಕಾಗಿ ಈ ಹಕ್ಕಿನ ಮೇಲೆ 'ಸಮಂಜಸ ನಿರ್ಬಂಧ' ಹಾಕಬಹುದು ಎಂದು 19(6) ಹೇಳುತ್ತದೆ. ಲೈಸೆನ್ಸ್ ಇಂಥ ಒಂದು ನಿರ್ಬಂಧ. ನ್ಯಾಯಾಲಯದ ಮೆಟ್ಟಿಲೇರುವ ಜಗಳಗಳೆಲ್ಲ ಆ 'ಸಮಂಜಸ' ಎಂಬ ಒಂದೇ ಪದದ ಸುತ್ತ ನಡೆಯುತ್ತವೆ.

ಮೊದಲ ಮೊಕದ್ದಮೆ ರಶೀದ್ ಅಹ್ಮದ್ ಅವರದು. ಅವರು ಉತ್ತರ ಪ್ರದೇಶದ ಮುಜಫ್ಫರ್‌ನಗರ ಜಿಲ್ಲೆಯ ಕೈರಾನಾ ಪಟ್ಟಣದಲ್ಲಿ ತರಕಾರಿ, ಹಣ್ಣುಗಳ ಸಗಟು ವ್ಯಾಪಾರ ಮಾಡುತ್ತಿದ್ದರು. ಅಲ್ಲಿನ ಪುರಸಭೆ ಹೊಸ ಬೈಲಾ ತಂದಿತು: ಅನುಮತಿ ಇಲ್ಲದೆ ಯಾರೂ ಸಗಟು ವ್ಯಾಪಾರ ಮಾಡುವಂತಿಲ್ಲ. ಅದರ ಜೊತೆಗೇ, ಸಗಟು ವ್ಯಾಪಾರದ ಪೂರ್ತಿ ಗುತ್ತಿಗೆಯನ್ನು ಬೇರೊಬ್ಬರಿಗೆ ಕೊಟ್ಟಿತು. ರಶೀದ್ ಅಹ್ಮದ್ ಸಲ್ಲಿಸಿದ ಅರ್ಜಿ ತಿರಸ್ಕೃತವಾಯಿತು. ಅವರ ಮೇಲೆ ಕೇಸೂ ಬಿತ್ತು. ಅವರು ನೇರವಾಗಿ ಸುಪ್ರೀಂ ಕೋರ್ಟಿಗೆ ಹೋದರು. ಅದು 1950, ಸಂವಿಧಾನ ಜಾರಿಗೆ ಬಂದು ಕೆಲವೇ ತಿಂಗಳಾಗಿದ್ದ ಕಾಲ.

ನ್ಯಾಯಾಲಯದ ತರ್ಕ ಸರಳವಾಗಿತ್ತು. ಅನುಮತಿ ಬೇಕು ಎನ್ನುವ ಬೈಲಾದಲ್ಲಿ ಸಗಟು ವ್ಯಾಪಾರಿಗೆ ಲೈಸೆನ್ಸ್ ಕೊಡುವ ದಾರಿಯೇ ಇರಲಿಲ್ಲ. ಒಬ್ಬರಿಗೇ ಗುತ್ತಿಗೆ ಕೊಟ್ಟ ಮೇಲೆ ಇನ್ನೊಬ್ಬರಿಗೆ 'ಆಗಲಿ' ಎನ್ನುವ ಶಕ್ತಿಯನ್ನು ಪುರಸಭೆ ತಾನೇ ಕಳೆದುಕೊಂಡಿತ್ತು. ಇದು ನಿಯಂತ್ರಣವಲ್ಲ, ನಿಷೇಧ. ಮೇಲ್ಮನವಿಗೆ ಬೇರೆ ದಾರಿ ಇತ್ತಲ್ಲ ಎಂಬ ಪುರಸಭೆಯ ವಾದವೂ ನಿಲ್ಲಲಿಲ್ಲ. ಸಂದರ್ಭ ನೋಡಿದರೆ ಅದು ಸಾಕಾಗುವ ಪರಿಹಾರವಲ್ಲ ಎಂದು ನ್ಯಾಯಾಲಯ ಹೇಳಿತು. ರಶೀದ್ ಅಹ್ಮದ್ ಗೆದ್ದರು.

ಎರಡನೆಯದು ಅದೇ ಜಿಲ್ಲೆಯ ಜಲಾಲಾಬಾದಿನ ಮೊಹಮ್ಮದ್ ಯಾಸೀನ್ ಅವರ ಮೊಕದ್ದಮೆ. ತೀರ್ಪು ಬಂದದ್ದು 1952ರಲ್ಲಿ. ಇಲ್ಲಿ ಪ್ರಶ್ನೆ ಶುಲ್ಕದ್ದು. ಪಟ್ಟಣ ಸಮಿತಿಯ ಬೈಲಾ ಸಗಟು ವ್ಯಾಪಾರಿಗಳ ಮೇಲೆ ಶುಲ್ಕ ಹೇರಿತ್ತು. ಆದರೆ ಸಮಿತಿಗೆ ಅಧಿಕಾರ ಕೊಟ್ಟ ಮೂಲ ಕಾಯ್ದೆಯ ಪ್ರಕಾರ, ಸಮಿತಿಯ ಸ್ವಂತ ಜಾಗ ಅಥವಾ ಸಾರ್ವಜನಿಕ ರಸ್ತೆಯಂಥ ಆಸ್ತಿಯನ್ನು ಬಳಸಿದವರಿಂದ ಮಾತ್ರ ಅಂಥ ಶುಲ್ಕ ಪಡೆಯಬಹುದಿತ್ತು. ಖಾಸಗಿ ಅಂಗಡಿಯಲ್ಲಿ ಕುಳಿತು ವ್ಯಾಪಾರ ಮಾಡುವವರಿಗೆ ಅದು ಅನ್ವಯಿಸುವುದಿಲ್ಲ. ಕಾನೂನಿನ ಬಲವಿಲ್ಲದ ಶುಲ್ಕ ಎಂದಿಗೂ ಸಮಂಜಸ ನಿರ್ಬಂಧವಾಗಲಾರದು ಎಂದು ಸುಪ್ರೀಂ ಕೋರ್ಟ್ ತೀರ್ಮಾನಿಸಿತು. ಶುಲ್ಕ ಎಷ್ಟು ಎಂಬುದಕ್ಕಿಂತ ಮೊದಲು, ಅದನ್ನು ಕೇಳುವ ಅಧಿಕಾರ ಎಲ್ಲಿಂದ ಬಂತು ಎಂದು ಕೇಳಬೇಕು ಎಂಬುದೇ ಈ ತೀರ್ಪಿನಿಂದ ನಾನು ಕಲಿತ ಪಾಠ.

ಹಾಗೆಂದು ಲೈಸೆನ್ಸೇ ಬೇಡ ಎಂದು ಈ ತೀರ್ಪುಗಳು ಹೇಳುವುದಿಲ್ಲ. ಬೆಂಕಿಯ ಅಪಾಯವಿರುವ ಗೋದಾಮು, ಚರಂಡಿಗೆ ಕೊಳಕು ನೀರು ಬಿಡುವ ಹೋಟೆಲು, ಕೊಳೆತ ಮಾಲು ಇಡುವ ಅಂಗಡಿ, ಇವುಗಳ ಮೇಲೆ ಯಾರಾದರೂ ಕಣ್ಣಿಡಲೇಬೇಕು. ನಮ್ಮ ರಾಜ್ಯದಲ್ಲಿ ಮಹಾನಗರ ಪಾಲಿಕೆಗಳಿಗೆ 1976ರ ಕರ್ನಾಟಕ ಪೌರ ನಿಗಮಗಳ ಕಾಯ್ದೆ, ನಗರಸಭೆ ಮತ್ತು ಪುರಸಭೆಗಳಿಗೆ 1964ರ ಪುರಸಭೆಗಳ ಕಾಯ್ದೆ ಈ ಅಧಿಕಾರ ಕೊಟ್ಟಿವೆ. ಆದರೆ ಅಧಿಕಾರದ ಜೊತೆಗೆ ಹೊಣೆಯೂ ಇದೆ. ಪಾಲಿಕೆ ಲೈಸೆನ್ಸ್ ನಿರಾಕರಿಸಿದರೆ ಅಥವಾ ರದ್ದು ಮಾಡಿದರೆ, ಕಾರಣವನ್ನು ಬರವಣಿಗೆಯಲ್ಲಿ ಕೊಡಬೇಕು.

ಅಂಗಡಿಯೇ ಇಲ್ಲದ ತಳ್ಳುಗಾಡಿಯವರ ಗತಿ ಏನು? 1989ರಲ್ಲಿ ದೆಹಲಿಯ ಸೋದನ್ ಸಿಂಗ್ ಮೊಕದ್ದಮೆಯಲ್ಲಿ ಸುಪ್ರೀಂ ಕೋರ್ಟ್, ಬೀದಿ ವ್ಯಾಪಾರವೂ 19(1)(ಜಿ) ಅಡಿ ಬರುವ ಹಕ್ಕೇ ಎಂದಿತು. ಆದರೆ ಇಂಥದೇ ಜಾಗ ಬೇಕೆಂದು ಹಟ ಹಿಡಿಯುವ ಹಕ್ಕು ಇಲ್ಲ ಎಂದೂ ಹೇಳಿತು. ಮುಂದೆ 2014ರಲ್ಲಿ ಬೀದಿ ಬದಿ ವ್ಯಾಪಾರಿಗಳ ಕಾಯ್ದೆ ಬಂತು. ಅದರಂತೆ ಪಟ್ಟಣ ವ್ಯಾಪಾರ ಸಮಿತಿಯಲ್ಲಿ ಕನಿಷ್ಠ ಶೇ. 40ರಷ್ಟು ಸದಸ್ಯರು ವ್ಯಾಪಾರಿಗಳೇ ಆಗಿರಬೇಕು. ಸಮೀಕ್ಷೆ ಮುಗಿದು ಎಲ್ಲರಿಗೂ ಪ್ರಮಾಣಪತ್ರ ಕೊಡುವವರೆಗೆ ಯಾರನ್ನೂ ಎಬ್ಬಿಸುವಂತಿಲ್ಲ.

ಇದರಿಂದ ನಮ್ಮ ಮನೆಗಳಿಗೆ ಏನು ಉಪಯೋಗ? ರಶೀದ್ ಅಹ್ಮದ್ ಗೆಲ್ಲಲು ಒಂದು ಮುಖ್ಯ ಕಾರಣ, ಅವರು ಅರ್ಜಿ ಹಾಕಿದ್ದರು. ಬಾಯಿಮಾತಿನಲ್ಲಿ ಕೇಳಿ, ಬಾಯಿಮಾತಿನಲ್ಲೇ 'ಆಗಲ್ಲ' ಅನ್ನಿಸಿಕೊಂಡು ಬಂದರೆ ನಾಳೆ ತೋರಿಸಲು ಏನೂ ಇರುವುದಿಲ್ಲ. ಆದ್ದರಿಂದ ಅರ್ಜಿಯನ್ನು ಲಿಖಿತವಾಗಿ ಅಥವಾ ಆನ್‌ಲೈನ್‌ನಲ್ಲಿ ಸಲ್ಲಿಸಿ, ಸ್ವೀಕೃತಿ ಪಡೆಯಬೇಕು. ಸಕಾಲ ಸೇವೆಯಡಿ ಸಲ್ಲಿಸಿದರೆ ಸಿಗುವ ಸಂಖ್ಯೆಯನ್ನು ಜೋಪಾನವಾಗಿಡಬೇಕು. ನಿರಾಕರಿಸಿದರೆ ಹಿಂಬರಹ ಕೊಡಿ ಎಂದು ವಿನಯದಿಂದಲೇ ಕೇಳಬೇಕು. ಮೇಲ್ಮನವಿಗೆ ಆಧಾರ ಆ ಹಿಂಬರಹವೇ. ಹಣ ಕಟ್ಟಿದರೆ ರಸೀದಿ ಇಲ್ಲದೆ ಕೌಂಟರ್ ಬಿಡಬಾರದು.

ಅರ್ಜಿ ಬರೆಯಲು ಅಪ್ಪ ಅಥವಾ ಚಿಕ್ಕಪ್ಪ ಇನ್ನೊಬ್ಬರನ್ನು ಹುಡುಕಿಕೊಂಡು ಹೋಗುವ ಮನೆಗಳು ನಮ್ಮಲ್ಲಿ ಕಡಿಮೆಯೇನಿಲ್ಲ. ಪಿಯುಸಿ ಓದುವ ನಾವು ಆ ಒಂದು ಪುಟ ಬರೆದುಕೊಡಬಹುದು.