ಲಕ್ಸಂಬರ್ಗ್: ಒಂದು ಪುಟ್ಟ ಶ್ರೀಮಂತ ರಾಷ್ಟ್ರದ ಅಂಕಿ-ಅಂಶಗಳು

ಕೆಲವು ತಿಂಗಳುಗಳ ಹಿಂದೆ ನನ್ನ ಕಕ್ಷಿದಾರರೊಬ್ಬರು ಒಂದು ಪಟ್ಟಿಯನ್ನು ಹಿಡಿದು ಕಚೇರಿಗೆ ಬಂದರು. ಅಡುಗೆಮನೆಯ ಸ್ಟೇನ್‌ಲೆಸ್ ಸ್ಟೀಲ್ ಪರಿಕರಗಳನ್ನು ತಯಾರಿಸುವ ಸಣ್ಣ ಉದ್ದಿಮೆದಾರರು ಅವರು. ಪಟ್ಟಿಯಲ್ಲಿ ಪ್ರಪಂಚದ ರಾಷ್ಟ್ರಗಳನ್ನು ತಲಾ ಆದಾಯದ ಕ್ರಮದಲ್ಲಿ ಜೋಡಿಸಲಾಗಿತ್ತು. ಮೊದಲ ಸಾಲಿನಲ್ಲಿದ್ದುದು ಲಕ್ಸಂಬರ್ಗ್. "ಹಣವಿರುವಲ್ಲಿಯೇ ಸರಕು ಮಾರಬೇಕಲ್ಲವೇ?" ಎಂಬುದು ಅವರ ವಾದ. ಅಲ್ಲಿ ಒಬ್ಬ ವಿತರಕರನ್ನು ನೇಮಿಸಿ, ಗೋದಾಮು ಬಾಡಿಗೆಗೆ ಹಿಡಿಯುವ ಯೋಜನೆಯೂ ಸಿದ್ಧವಾಗಿತ್ತು. ಬ್ಯಾಂಕಿನ ಸಾಲಕ್ಕೆ ಅಡಮಾನವಾಗಿ ಇಡಲು ಹೊರಟಿದ್ದುದು ತಂದೆಯ ಕಾಲದ ಮನೆಯನ್ನು. ಆ ಒಂದು ಅಂಕಿಯನ್ನು ಬಿಡಿಸಿ ನೋಡಲು ನಾವಿಬ್ಬರೂ ಎರಡು ಸಂಜೆಗಳನ್ನು ವ್ಯಯಿಸಿದೆವು. ಅದರ ಫಲವನ್ನು ನಮ್ಮ ವರ್ತಕ ಬಾಂಧವರೊಡನೆ ಹಂಚಿಕೊಳ್ಳುವುದು ಈ ಲೇಖನದ ಉದ್ದೇಶ.

ಮೊದಲು ದೇಶದ ಪರಿಚಯ. ಬೆಲ್ಜಿಯಂ, ಜರ್ಮನಿ ಹಾಗೂ ಫ್ರಾನ್ಸ್ ದೇಶಗಳ ನಡುವೆ ಸಿಲುಕಿರುವ ಲಕ್ಸಂಬರ್ಗಿನ ವಿಸ್ತೀರ್ಣ 2,586 ಚದರ ಕಿಲೋಮೀಟರ್. ಎಂದರೆ ನಮ್ಮ ಕೊಡಗು ಜಿಲ್ಲೆಯ ಮೂರನೇ ಎರಡು ಭಾಗಕ್ಕೂ ಸ್ವಲ್ಪ ಕಡಿಮೆ. 2025ರ ಆರಂಭದಲ್ಲಿ ಜನಸಂಖ್ಯೆ ಸುಮಾರು 6.8 ಲಕ್ಷ. ಈ ನಿವಾಸಿಗಳಲ್ಲಿ ಶೇಕಡಾ 47ರಷ್ಟು ಮಂದಿ ವಿದೇಶೀಯರು. ಅವರಲ್ಲಿ ಪೋರ್ಚುಗೀಸರದೇ ದೊಡ್ಡ ಸಂಖ್ಯೆ. ರಾಷ್ಟ್ರದ ಮುಖ್ಯಸ್ಥರು ಗ್ರ್ಯಾಂಡ್ ಡ್ಯೂಕ್. ಶಾಸನಗಳು ಫ್ರೆಂಚ್ ಭಾಷೆಯಲ್ಲಿ, ಮನೆಮಾತು ಲಕ್ಸಂಬರ್ಗಿಶ್, ಮಕ್ಕಳು ಶಾಲೆಯಲ್ಲಿ ಜರ್ಮನ್ ಹಾಗೂ ಫ್ರೆಂಚ್ ಎರಡನ್ನೂ ಕಲಿಯುತ್ತಾರೆ. ಸಾರ್ವಜನಿಕ ಸಾಲ ಒಟ್ಟು ಆಂತರಿಕ ಉತ್ಪನ್ನದ ಕಾಲುಭಾಗದ ಆಸುಪಾಸಿನಲ್ಲಿದೆ. ಐರೋಪ್ಯ ಒಕ್ಕೂಟದ ಸರಾಸರಿ ಶೇಕಡಾ 80ನ್ನು ದಾಟಿದೆ. 2020ರ ಮಾರ್ಚ್ 1ರಿಂದ ಬಸ್ಸು, ಟ್ರಾಮ್, ರೈಲುಗಳಲ್ಲಿ ಪ್ರಯಾಣ ಉಚಿತ. ರೈಲಿನ ಪ್ರಥಮ ದರ್ಜೆಗೆ ಮಾತ್ರ ಟಿಕೆಟು ಬೇಕು.

ಭಾಜಕದ ಸಮಸ್ಯೆ

2024ರಲ್ಲಿ ಲಕ್ಸಂಬರ್ಗಿನ ಒಟ್ಟು ಆಂತರಿಕ ಉತ್ಪನ್ನ ಸುಮಾರು 8,600 ಕೋಟಿ ಯೂರೋ. ಅದನ್ನು ಜನಸಂಖ್ಯೆಯಿಂದ ಭಾಗಿಸಿದರೆ ತಲಾ ಒಂದೂಕಾಲು ಲಕ್ಷ ಯೂರೋ ಮೀರುತ್ತದೆ. ಬೆಲೆಮಟ್ಟದ ವ್ಯತ್ಯಾಸವನ್ನು ಸರಿದೂಗಿಸಿದ ನಂತರವೂ, ಐರೋಪ್ಯ ಒಕ್ಕೂಟದ ಸರಾಸರಿಯನ್ನು 100 ಎಂದು ಹಿಡಿದಲ್ಲಿ ಲಕ್ಸಂಬರ್ಗಿನ ಅಂಕಿ ಸುಮಾರು 240. ನನ್ನ ಕಕ್ಷಿದಾರರ ಕಣ್ಣು ಕುಕ್ಕಿದ್ದು ಇದೇ.

ಆದರೆ ಈ ಉತ್ಪನ್ನವನ್ನು ಉತ್ಪಾದಿಸುವವರು ಯಾರು? ಪ್ರತಿದಿನ ಬೆಳಿಗ್ಗೆ ಸುಮಾರು 2.3 ಲಕ್ಷ ಮಂದಿ ಗಡಿ ದಾಟಿ ಲಕ್ಸಂಬರ್ಗಿಗೆ ಕೆಲಸಕ್ಕೆ ಬಂದು, ಸಂಜೆ ತಮ್ಮ ದೇಶಕ್ಕೆ ಮರಳುತ್ತಾರೆ. ಅವರಲ್ಲಿ ಅರ್ಧಕ್ಕೂ ಮಿಗಿಲು ಫ್ರಾನ್ಸಿನವರು; ಉಳಿದವರು ಬೆಲ್ಜಿಯಂ ಹಾಗೂ ಜರ್ಮನಿಯವರು, ಸರಿಸುಮಾರು ಸಮಪಾಲು. ದೇಶದ ಸಂಬಳದ ನೌಕರರಲ್ಲಿ ಇವರ ಪ್ರಮಾಣ ಅರ್ಧಕ್ಕೆ ಸ್ವಲ್ಪವೇ ಕಡಿಮೆ. ಇವರ ದುಡಿಮೆಯ ಫಲ ಭಾಜ್ಯದಲ್ಲಿ ಸೇರುತ್ತದೆ. ಇವರ ತಲೆಗಳು ಮಾತ್ರ ಭಾಜಕದಲ್ಲಿ ಸೇರುವುದಿಲ್ಲ. ಚಿಕ್ಕಪೇಟೆಯ ಒಂದು ಅಂಗಡಿಯಲ್ಲಿ ತುಮಕೂರು, ರಾಮನಗರಗಳಿಂದ ರೈಲಿನಲ್ಲಿ ಬರುವ ಹತ್ತು ಮಂದಿ ಕೆಲಸ ಮಾಡುತ್ತಾರೆಂದಿಟ್ಟುಕೊಳ್ಳಿ. ಅಂಗಡಿ ಗಳಿಸಿದ್ದನ್ನೆಲ್ಲ, ಆ ಹತ್ತು ಮಂದಿಯ ಸಂಬಳ ಕಳೆಯದೆಯೇ, ಮಾಲೀಕರ ಮನೆಯ ನಾಲ್ಕು ಮಂದಿಗೆ ಹಂಚಿ 'ತಲಾ ಆದಾಯ' ಎಂದು ಘೋಷಿಸಿದರೆ ಯಾವ ಲೆಕ್ಕಪರಿಶೋಧಕನೂ ಸಹಿ ಮಾಡಲಾರ.

ಆದುದರಿಂದಲೇ ಒಟ್ಟು ರಾಷ್ಟ್ರೀಯ ಆದಾಯ ಎಂಬ ಇನ್ನೊಂದು ಅಳತೆಯನ್ನು ನೋಡಬೇಕಾಗುತ್ತದೆ. ಹೊರಗಿನವರಿಗೆ ಸಂದಾಯವಾಗುವ ವೇತನ, ವಿದೇಶೀ ಮಾಲೀಕರಿಗೆ ಹೋಗುವ ಲಾಭಾಂಶ ಇತ್ಯಾದಿಗಳನ್ನು ಕಳೆದು, ಹೊರಗಿನಿಂದ ಬರುವುದನ್ನು ಕೂಡಿದಾಗ ಸಿಗುವ ಮೊತ್ತ ಇದು. ಲಕ್ಸಂಬರ್ಗಿನಲ್ಲಿ ಅದು ಆಂತರಿಕ ಉತ್ಪನ್ನದ ಮೂರನೇ ಎರಡು ಭಾಗದಷ್ಟು ಮಾತ್ರ. ಇನ್ನೂ ಮುಂದೆ ಹೋಗಿ, ನಿವಾಸಿಗಳು ವಾಸ್ತವವಾಗಿ ಅನುಭೋಗಿಸುವ ಸರಕು-ಸೇವೆಗಳ ತಲಾ ಪ್ರಮಾಣವನ್ನು ನೋಡಿದರೆ ಮೇಲಿನ 240ರ ಅಂಕಿ 135-140ರ ಆಸುಪಾಸಿಗೆ ಇಳಿಯುತ್ತದೆ. ಐರೋಪ್ಯ ಒಕ್ಕೂಟದಲ್ಲಿ ಇದೂ ಅತ್ಯುನ್ನತ ಮಟ್ಟವೇ. ಆದರೆ ಸರಕು ಮಾರಲು ಹೊರಟವನಿಗೆ ಎರಡರ ಅಂತರ ಅಲ್ಪವಲ್ಲ.

ಇದೇ ಭಾಜಕದ ದೋಷ ವಿನೋದದ ಪ್ರಸಂಗಗಳಿಗೂ ಕಾರಣವಾಗಿದೆ. ಸುಂಕ ಕಡಿಮೆಯಿರುವುದರಿಂದ ನೆರೆಯ ದೇಶದವರು ಪೆಟ್ರೋಲು, ಮದ್ಯ, ಸಿಗರೇಟುಗಳನ್ನು ಲಕ್ಸಂಬರ್ಗಿನಲ್ಲಿ ತುಂಬಿಕೊಂಡು ಹೋಗುತ್ತಾರೆ. ಆ ಮಾರಾಟವನ್ನು ಸ್ಥಳೀಯರ ತಲೆಯ ಮೇಲೆ ಹಂಚಿದಾಗ ಪಾಪ, ಆ ಜನ ಯೂರೋಪಿನ ಮಹಾ ಕುಡುಕರೂ ಧೂಮಪಾನಿಗಳೂ ಆಗಿ ತೋರುತ್ತಾರೆ.

ಕಬ್ಬಿಣದಿಂದ ಕಾಗದಕ್ಕೆ

ಈ ದೇಶ ಹುಟ್ಟುತ್ತಲೇ ಶ್ರೀಮಂತವಾದುದಲ್ಲ. ಹತ್ತೊಂಬತ್ತನೆಯ ಶತಮಾನದಲ್ಲಿ ಬಡತನದಿಂದ ಸಾವಿರಾರು ಕುಟುಂಬಗಳು ಅಮೆರಿಕಕ್ಕೆ ವಲಸೆ ಹೋದವು. ದಕ್ಷಿಣದ ಭಾಗದಲ್ಲಿ ಕಬ್ಬಿಣದ ಅದಿರು ಹೇರಳವಾಗಿದ್ದರೂ ಅದರಲ್ಲಿ ರಂಜಕದ ಅಂಶ ಹೆಚ್ಚಾಗಿ, ಉಕ್ಕು ಪೆಡಸಾಗುತ್ತಿತ್ತು. ಇಂಗ್ಲೆಂಡಿನ ಸಿಡ್ನಿ ಗಿಲ್‌ಕ್ರಿಸ್ಟ್ ಥಾಮಸ್ ರಂಜಕವನ್ನು ಬೇರ್ಪಡಿಸುವ ವಿಧಾನವನ್ನು ಕಂಡುಹಿಡಿದ ಕೂಡಲೇ, 1879ರಲ್ಲಿ ಲಕ್ಸಂಬರ್ಗಿನ ಉದ್ಯಮಿಗಳು ಅದರ ಪರವಾನಗಿಯನ್ನು ಪಡೆದರು. ಬೇರ್ಪಟ್ಟ ಕಿಟ್ಟವೂ ವ್ಯರ್ಥವಾಗಲಿಲ್ಲ. ಅದನ್ನು ಪುಡಿ ಮಾಡಿ ರೈತರಿಗೆ ಗೊಬ್ಬರವಾಗಿ ಮಾರಿದರು. 1911ರಲ್ಲಿ ಹಲವು ಕಾರ್ಖಾನೆಗಳು ವಿಲೀನಗೊಂಡು ಆರ್ಬೆಡ್ ಕಂಪನಿ ರೂಪುಗೊಂಡಿತು.

1974ರಲ್ಲಿ ಉಕ್ಕಿನ ಉತ್ಪಾದನೆ 64 ಲಕ್ಷ ಟನ್ ಮುಟ್ಟಿತ್ತು. ಮರುವರ್ಷವೇ ಅದು 46 ಲಕ್ಷ ಟನ್ನಿಗೆ ಕುಸಿಯಿತು. ಇಡೀ ದೇಶ ಒಂದೇ ಕೈಗಾರಿಕೆಯನ್ನು ನಂಬಿದ್ದಾಗ ಇಂತಹ ಆಘಾತ ಏನು ಮಾಡಬಹುದೆಂಬುದನ್ನು ನಮ್ಮ ಓದುಗರಿಗೆ ವಿವರಿಸಬೇಕಾಗಿಲ್ಲ. ಆಗ ಸರ್ಕಾರ, ಮಾಲೀಕರು, ಕಾರ್ಮಿಕ ಸಂಘಗಳು ಒಂದೇ ಮೇಜಿನ ಸುತ್ತ ಕುಳಿತ ತ್ರಿಪಕ್ಷೀಯ ವ್ಯವಸ್ಥೆ 1977ರಲ್ಲಿ ರೂಪುಗೊಂಡಿತು. ಕಾರ್ಖಾನೆಯಲ್ಲಿ ಕೆಲಸವಿಲ್ಲದ ಕಾರ್ಮಿಕರನ್ನು ವೇತನಪಟ್ಟಿಯಲ್ಲಿಯೇ ಉಳಿಸಿಕೊಂಡು ಸಾರ್ವಜನಿಕ ಕಾಮಗಾರಿಗಳಿಗೆ ನಿಯೋಜಿಸಿದರು. ಕೊನೆಯ ಅದಿರಿನ ಗಣಿ 1981ರಲ್ಲಿ, ಕೊನೆಯ ಊದುಕುಲುಮೆ 1997ರಲ್ಲಿ ಮುಚ್ಚಿತು. ಬೆಲ್ವಾಲಿನ ಒಂದು ಊದುಕುಲುಮೆಯನ್ನು ಬಿಡಿಬಿಡಿಯಾಗಿ ಕಳಚಿ ಚೀನಾಕ್ಕೆ ಸಾಗಿಸಿದರು. ಉಳಿದವುಗಳ ನೆರಳಿನಲ್ಲಿ ಇಂದು ವಿಶ್ವವಿದ್ಯಾನಿಲಯ ನಡೆಯುತ್ತಿದೆ. ಹಳೆಯ ಕಬ್ಬಿಣವನ್ನು ವಿದ್ಯುತ್ ಕುಲುಮೆಯಲ್ಲಿ ಕರಗಿಸಿ ತೊಲೆಗಳನ್ನು ತಯಾರಿಸುವ ಕೆಲಸ ಮಾತ್ರ ಮುಂದುವರಿದಿದೆ. ಆರ್ಬೆಡ್ 2002ರಲ್ಲಿ ಆರ್ಸೆಲರ್‌ನಲ್ಲಿ ಸೇರಿ, 2006ರಲ್ಲಿ ಲಕ್ಷ್ಮೀ ಮಿತ್ತಲ್ ಅವರ ಕೈಸೇರಿದ ವೃತ್ತಾಂತ ಸರ್ವವಿದಿತ. ಆ ಕಂಪನಿಯಲ್ಲಿ ಲಕ್ಸಂಬರ್ಗ್ ಸರ್ಕಾರಕ್ಕೂ ಶೇಕಡಾ 5.6ರಷ್ಟು ಪಾಲಿತ್ತು. ಆರಂಭದಲ್ಲಿ ಪ್ರತಿಭಟಿಸಿದ ಸರ್ಕಾರ ಕೊನೆಗೆ ಒಪ್ಪಿತು. ಪ್ರಧಾನ ಕಚೇರಿ ಲಕ್ಸಂಬರ್ಗಿನಲ್ಲಿಯೇ ಉಳಿಯಿತು.

ಉಕ್ಕಿನ ಜಾಗವನ್ನು ತುಂಬಿದ್ದು ಹಣಕಾಸು. ಹೂಡಿಕೆ ನಿಧಿಗಳ ಬಗ್ಗೆ ಐರೋಪ್ಯ ಸಮುದಾಯ 1985ರಲ್ಲಿ ಹೊರಡಿಸಿದ ನಿರ್ದೇಶನವನ್ನು ಎಲ್ಲರಿಗಿಂತ ಮೊದಲು, 1988ರ ಮಾರ್ಚಿನಲ್ಲಿ, ತನ್ನ ಕಾನೂನಿನಲ್ಲಿ ಅಳವಡಿಸಿಕೊಂಡ ದೇಶ ಇದು. ಇತರರು ಕಡತ ತಿರುವುವಷ್ಟರಲ್ಲಿ ನಿಧಿಗಳು ಇಲ್ಲಿಗೆ ಬಂದು ನೆಲೆಸಿದವು. ಇಂದು ಇಲ್ಲಿ ನೋಂದಣಿಯಾದ ನಿಧಿಗಳ ಆಸ್ತಿ 5 ಲಕ್ಷ ಕೋಟಿ ಯೂರೋಗಿಂತ ಹೆಚ್ಚು. ಅಮೆರಿಕವನ್ನು ಬಿಟ್ಟರೆ ಪ್ರಪಂಚದಲ್ಲಿ ಎರಡನೆಯ ಸ್ಥಾನ. ದೇಶದ ವಾರ್ಷಿಕ ಉತ್ಪನ್ನದ ಐವತ್ತೈದು ಪಟ್ಟಿಗೂ ಮಿಗಿಲಾದ ಈ ಮೊತ್ತ ಲಕ್ಸಂಬರ್ಗಿನವರದಲ್ಲ, ಅವರು ಅದರ ಲೆಕ್ಕ ಬರೆಯುವವರು ಮಾತ್ರ. ಭಾರತದ ನಂಟೂ ಇಲ್ಲಿದೆ: 1992ರಲ್ಲಿ ರಿಲಯನ್ಸ್ ಹೊರಡಿಸಿದ ಜಾಗತಿಕ ಠೇವಣಿ ರಸೀದಿಗಳು ಲಕ್ಸಂಬರ್ಗ್ ಷೇರುಪೇಟೆಯಲ್ಲಿ ದಾಖಲಾದವು, ಅನಂತರ ಅನೇಕ ಭಾರತೀಯ ಕಂಪನಿಗಳು ಅದೇ ದಾರಿ ಹಿಡಿದವು. ನಮ್ಮ ಷೇರುಪೇಟೆಗೆ ಬಂಡವಾಳ ತರುವ ದೇಶಗಳ ಪಟ್ಟಿಯಲ್ಲಿಯೂ ಇದರ ಹೆಸರು ಮುಂಚೂಣಿಯಲ್ಲಿರುತ್ತದೆ.

ಎಲ್ಲವೂ ಮೆಚ್ಚತಕ್ಕದ್ದೇನಲ್ಲ. ಬಹುರಾಷ್ಟ್ರೀಯ ಕಂಪನಿಗಳಿಗೆ ತೆರಿಗೆ ಇಲಾಖೆ ಕೊಡುತ್ತಿದ್ದ ಮುಂಗಡ ನಿರ್ಣಯಗಳು 2014ರಲ್ಲಿ ಬಹಿರಂಗಗೊಂಡು ಮುಜುಗರವಾಯಿತು. ಅದೇ ರೀತಿ 2014ರ ಕೊನೆಯವರೆಗೆ ಅಂತರ್ಜಾಲದ ಮೂಲಕ ಮಾರುವ ಸೇವೆಗಳಿಗೆ ಮಾರಾಟಗಾರನ ದೇಶದ ಮೌಲ್ಯವರ್ಧಿತ ತೆರಿಗೆ ಅನ್ವಯಿಸುತ್ತಿದ್ದು, ಒಕ್ಕೂಟದಲ್ಲಿಯೇ ಅತಿ ಕಡಿಮೆಯಾದ ಶೇಕಡಾ 15ರ ದರವನ್ನಿಟ್ಟು ಲಕ್ಸಂಬರ್ಗ್ ಇಡೀ ಯೂರೋಪಿನ ಗ್ರಾಹಕರ ತೆರಿಗೆಯನ್ನು ಸಂಗ್ರಹಿಸುತ್ತಿತ್ತು. 2015ರಿಂದ ಗ್ರಾಹಕನ ದೇಶಕ್ಕೆ ತೆರಿಗೆ ಎಂಬ ನಿಯಮ ಬಂದಿತು. ನಮ್ಮ ಜಿಎಸ್‌ಟಿಯಲ್ಲಿ ಸರಬರಾಜಿನ ಸ್ಥಳದ ಬಗ್ಗೆ ತಲೆ ಕೆಡಿಸಿಕೊಂಡವರಿಗೆ ಇದು ತಕ್ಷಣ ಅರ್ಥವಾದೀತು. ಆದಾಯ ಖೋತಾ ತುಂಬಲು ಲಕ್ಸಂಬರ್ಗ್ ತನ್ನ ದರವನ್ನು ಶೇಕಡಾ 17ಕ್ಕೆ ಏರಿಸಿತು.

ಮಾಲೀಕರ ದೃಷ್ಟಿಯಿಂದ

ಉದ್ದಿಮೆದಾರರು ಎರಡು ಅಂಶಗಳನ್ನು ಗಮನಿಸಬೇಕು. ಬೆಲೆ ಸೂಚ್ಯಂಕ ಶೇಕಡಾ 2.5ರಷ್ಟು ಏರಿದಾಗಲೆಲ್ಲ ದೇಶದ ಪ್ರತಿಯೊಬ್ಬ ನೌಕರನ ವೇತನವೂ ಅಷ್ಟೇ ಏರಬೇಕೆಂಬುದು ಅಲ್ಲಿನ ಕಾನೂನು. ನಮ್ಮ ತುಟ್ಟಿಭತ್ಯೆಯನ್ನು ಎಲ್ಲ ಹಂತದ ವೇತನಕ್ಕೂ, ಖಾಸಗಿಯವರಿಗೂ ವಿಸ್ತರಿಸಿದಂತೆ. 2025ರಲ್ಲಿ ಕನಿಷ್ಠ ವೇತನ ತಿಂಗಳಿಗೆ 2,600 ಯೂರೋ ಮೀರಿತ್ತು; ಕುಶಲ ಕಾರ್ಮಿಕನಿಗೆ ಇನ್ನೂ ಶೇಕಡಾ 20 ಹೆಚ್ಚು. ಎರಡನೆಯದು ಪಿಂಚಣಿ. 2025ರವರೆಗೆ ನೌಕರ, ಮಾಲೀಕ, ಸರ್ಕಾರ ತಲಾ ಶೇಕಡಾ 8ರಂತೆ ವಂತಿಗೆ ನೀಡುತ್ತಿದ್ದರು. ಗಡಿ ದಾಟಿ ಬರುವ ಆ ಲಕ್ಷಾಂತರ ಮಂದಿಯ ವಂತಿಗೆಯಿಂದಾಗಿ ನಿಧಿ ಸಮೃದ್ಧವಾಗಿದೆ. ಆದರೆ ಅವರೆಲ್ಲ ನಿವೃತ್ತರಾಗುವ ಕಾಲವೂ ಬರಲಿದೆ. ಒಟ್ಟು ಆಂತರಿಕ ಉತ್ಪನ್ನದ ಅಂಕಿಯಲ್ಲಿ ಈ ಹೊಣೆಗಾರಿಕೆ ಎಲ್ಲಿಯೂ ಕಾಣುವುದಿಲ್ಲ. ನಮ್ಮ ವೃತ್ತಿಯಲ್ಲಾದರೆ ಟಿಪ್ಪಣಿಯಲ್ಲಾದರೂ ನಮೂದಿಸಬೇಕಾಗುತ್ತಿತ್ತು.

ವಾಣಿಜ್ಯ ಮಂಡಳಿಯ ಪತ್ರಿಕೆಯಾದುದರಿಂದ ಇದನ್ನೂ ಹೇಳಬೇಕು: 1841ರಲ್ಲಿ ಸ್ಥಾಪಿತವಾದ ಅಲ್ಲಿನ ವಾಣಿಜ್ಯ ಮಂಡಳಿಗೆ ಸದಸ್ಯತ್ವ ಕಡ್ಡಾಯ; ಚಂದಾ ಲಾಭದ ಮೇಲೆ ನಿರ್ಧಾರವಾಗುತ್ತದೆ. ನಮ್ಮ ಖಜಾಂಚಿಗಳು ಅಸೂಯೆಪಡಲು ಇದಿಷ್ಟು ಸಾಕು.

ಇನ್ನು ನನ್ನ ಕಕ್ಷಿದಾರರ ವಿಷಯ. 1921ರ ಒಪ್ಪಂದದಿಂದ ಬೆಲ್ಜಿಯಂ ಮತ್ತು ಲಕ್ಸಂಬರ್ಗ್ ಒಂದೇ ಆರ್ಥಿಕ ಒಕ್ಕೂಟವಾದವು. 1982ರಲ್ಲಿ ಬೆಲ್ಜಿಯಂ ತನ್ನ ಫ್ರಾಂಕನ್ನು ಶೇಕಡಾ 8.5ರಷ್ಟು ಅಪಮೌಲ್ಯಗೊಳಿಸಿದಾಗ, ಸಮಾನ ಮೌಲ್ಯದಲ್ಲಿ ಕಟ್ಟಿಹಾಕಿದ್ದ ಲಕ್ಸಂಬರ್ಗಿನ ಫ್ರಾಂಕ್ ಸರಿಯಾದ ಸಮಾಲೋಚನೆಯೂ ಇಲ್ಲದೆ ಜೊತೆಗೇ ಕುಸಿದಿತ್ತು. ನಾಣ್ಯ ಈಗ ಯೂರೋ ಆಗಿದೆ, ಆದರೆ ಸಗಟು ವ್ಯಾಪಾರದಲ್ಲಿ ಹಳೆಯ ನಂಟು ಉಳಿದಿದೆ. ಲಕ್ಸಂಬರ್ಗಿನ ಅಂಗಡಿಕಾರರು ಅನೇಕ ಸರಕುಗಳನ್ನು ಬೆಲ್ಜಿಯಂ ಪ್ರದೇಶಕ್ಕೆ ನಿಗದಿಯಾದ ಸಗಟು ವ್ಯಾಪಾರಿಗಳಿಂದಲೇ ಕೊಳ್ಳಬೇಕಾಗುತ್ತದೆ. ಈ ಬಗ್ಗೆ ಅವರು ಬ್ರಸೆಲ್ಸ್‌ನಲ್ಲಿ ದೂರುತ್ತಲೇ ಬಂದಿದ್ದಾರೆ. ಇದು ತಿಳಿದ ಮೇಲೆ ವಿತರಕರ ನೇಮಕ, ಗೋದಾಮು, ಮನೆಯ ಅಡಮಾನ ಎಲ್ಲವನ್ನೂ ಕೈಬಿಟ್ಟೆವು. ಬೆಲ್ಜಿಯಂನ ಒಬ್ಬ ಸಗಟು ವ್ಯಾಪಾರಿಗೆ ಮಾದರಿಗಳನ್ನು ಕಳುಹಿಸಿದ್ದಾಯಿತು. ಚಿಕ್ಕದೊಂದು ಬೇಡಿಕೆಯೂ ಬಂದಿತು. ಪೆಟ್ಟಿಗೆಗಳು ಆಂಟ್‌ವರ್ಪ್ ಬಂದರಿನಲ್ಲಿ ಇಳಿದವು. ಅವುಗಳಲ್ಲಿ ಕೆಲವು ಲಕ್ಸಂಬರ್ಗಿನ ಅಂಗಡಿಗಳಿಗೂ ತಲುಪಿವೆಯಂತೆ. ನಮ್ಮ ರಫ್ತಿನ ಅಂಕಿ-ಅಂಶಗಳಲ್ಲಿ ಮಾತ್ರ ಅವೆಲ್ಲವೂ ಬೆಲ್ಜಿಯಂನ ಹೆಸರಿನಲ್ಲಿಯೇ ದಾಖಲಾಗಿವೆ.